ವರ್ಣರೇಖೆಯ ಚರಿತ್ರಕಾರ ಡು ಬಾಯ್ಸ್

ಅಮೆರಿಕದ ಫಿಲಡೆಲ್ಫಿಯಾ ನಗರದಲ್ಲಿ ಸೇಂಟ್ ಜಾರ್ಜ್ ಎಂಬ ಮೆಥಡಿಸ್ಟ್ ಚರ್ಚೊಂದುಂಟು. ಹದಿನೆಂಟನೆಯ ಶತಮಾನದ ಕಡೆಯ ಭಾಗದಲ್ಲಿ ಒಂದು ದಿನ, ಅಲ್ಲಿ ಮೊಣಕಾಲೂರಿ ಪ್ರಾರ್ಥಿಸುತ್ತಿದ್ದ ಆಬ್ಸಲಮ್ ಜೋನ್ಸ್ ಎಂಬ ಕರಿಯ ಭಕ್ತನನ್ನು, ಪ್ರಾರ್ಥನೆ ಮುಗಿಯುವ ತನಕವೂ ತಾಳದೆ, ಚರ್ಚಿನ ಅಧಿಕಾರಿಗಳು ಹಿಡಿದೆಬ್ಬಿಸಿದರು. ಕರಿಯರಿಗೆ ಸಲ್ಲದ ಸ್ಥಳದಲ್ಲಿ ಅವನು ಕುಳಿತುದೇ ಅಪರಾಧ. ಅವನೂ ಮಿತ್ರನಾದ ರಿಚರ್ಡ್ ಆಲನ್ನನೂ ಸಂಗಡಿಗರೊಡನೆ ಹೊರನಡೆದರು. 1794ರಲ್ಲಿ ಆಲನ್ನನು ಬೆಥೆಲ್ ಎಂಬ ಚರ್ಚನ್ನು ಸ್ಥಾಪಿಸಿದನು; 1816ರಲ್ಲಿ ಕರಿಯರ ಸ್ವತಂತ್ರ ಪಂಗಡವೊಂದು ಅವನ ನೇತೃತ್ವದಲ್ಲಿ ಹುಟ್ಟಿತು. ದೇವರು ಒಬ್ಬನೇ, ಗ್ರಂಥ ಒಂದೇ; ಒಡಕು ಬಂದುದು ಆಸನದ ವಿಚಾರವಾಗಿ.

ನೂರು ವರ್ಷಗಳ ತರುವಾಯ, 1896ರಲ್ಲಿ, ಅದೇ ನಗರಕ್ಕೆ ಡಬ್ಲ್ಯು. ಇ. ಬಿ. ಡು ಬಾಯ್ಸ್ ಎಂಬ ತರುಣ ವಿದ್ವಾಂಸರು ಬಂದರು. ಹಾರ್ವರ್ಡಿನಲ್ಲಿ ಡಾಕ್ಟರ್ ಪದವಿಯನ್ನು ಪಡೆದ ಕರಿಯರಲ್ಲಿ ಅವರೇ ಮೊದಲಿಗರು. ಏಳನೆಯ ವಾರ್ಡಿನ ಕರಿಯರ ಸ್ಥಿತಿಯನ್ನು ಪರೀಕ್ಷಿಸುವುದು ಅವರಿಗೆ ಒಪ್ಪಿಸಿದ ಕೆಲಸ. ಊರು ಕೆಟ್ಟುದಕ್ಕೆ ಈ ಜನರೇ ಕಾರಣರೆಂಬ ತೀರ್ಮಾನವಾದರೋ ಹಲವರ ಮನಸ್ಸಿನಲ್ಲಿ ಮೊದಲೇ ಸಿದ್ಧವಾಗಿದ್ದಿತು! ಡು ಬಾಯ್ಸರು ಪ್ರಶ್ನಾವಳಿಯನ್ನು ಹಿಡಿದು ತಾವೇ ಮನೆಮನೆಗೂ ನಡೆದರು. ಕೂಲಿಯೆಷ್ಟು, ಬಾಡಿಗೆಯೆಷ್ಟು, ಓದುಬರೆಹ ಬಲ್ಲವರೆಷ್ಟು ಎಂದು ಬರೆದುಕೊಂಡರು. 1899ರಲ್ಲಿ ಹೊರಬಂದ ‘ಫಿಲಡೆಲ್ಫಿಯಾದ ನೀಗ್ರೋ’ ಆ ಶ್ರಮದ ಫಲ. ಆ ಜನರ ದುಃಸ್ಥಿತಿಗೆ ಕಾರಣ ರಕ್ತದಲ್ಲಿಲ್ಲ. ಹಿಂದಿನ ಗುಲಾಮಗಿರಿಯಲ್ಲಿ, ಹಳ್ಳಿಯಿಂದ ನಗರಕ್ಕೆ ಬಂದು ಬೀಳುವ ಜನಪ್ರವಾಹದಲ್ಲಿ, ಒಳ್ಳೆಯ ಉದ್ಯೋಗಗಳ ಬಾಗಿಲನ್ನು ಮುಚ್ಚಿದ ವರ್ಣದ್ವೇಷದಲ್ಲಿ ಇದೆಯೆಂದು ಅವರು ಲೆಕ್ಕಕೊಟ್ಟು ತೋರಿಸಿದರು.

ನಮಗೆ ವಿಶೇಷವಾಗಿ ತೋರುವುದು ಚರ್ಚನ್ನು ಕುರಿತ ಅವರ ವಿವೇಚನೆ. ರೋಗಿಗೆ ನೆರವು, ಊರಿನ ಸುದ್ದಿ, ವಿನೋದ, ಸ್ನೇಹ ಇವೆಲ್ಲವೂ ಕರಿಯರಿಗೆ ಅಲ್ಲಿಯೇ ದೊರೆಯಬೇಕಾಗಿದ್ದಿತು. ಮತ್ತೆಲ್ಲಿಯೂ ಅಧಿಕಾರವಿಲ್ಲದವರಿಗೆ ಚರ್ಚೇ ಒಂದು ಪುಟ್ಟ ಸರ್ಕಾರ. 1903ರಲ್ಲಿ ಅವರ ಸಂಪಾದಕತ್ವದಲ್ಲಿ ‘ನೀಗ್ರೋ ಚರ್ಚು’ ಎಂಬ ಪ್ರತ್ಯೇಕ ಗ್ರಂಥವೇ ಬಂದಿತು. ಇಷ್ಟು ಗೌರವದಿಂದ ಬರೆದವರು ಸ್ವತಃ ಭಕ್ತಿಗೆ ಒಲಿದವರಲ್ಲವೆಂಬುದು ಶ್ರೋತೃಗಳಿಗೆ ಸೋಜಿಗವಾದೀತು. ಆಲನ್ನನ ಪಂಗಡದವರೇ ನಡೆಸುತ್ತಿದ್ದ ವಿಲ್ಬರ್‌ಫೋರ್ಸ್ ವಿದ್ಯಾಲಯದಲ್ಲಿ ಅಧ್ಯಾಪಕರಾಗಿದ್ದಾಗ, ಪ್ರಾರ್ಥನೆಯನ್ನು ನಡೆಸಿಕೊಡಿರೆಂದು ಸಭೆಯಲ್ಲಿ ಕರೆದರೆ, ಒಲ್ಲೆನೆಂದು ಅಲ್ಲಿಯೇ ಹೇಳಿಬಿಟ್ಟ ಪುರುಷರು ಅವರು.

ಸತ್ಯವನ್ನು ತಿಳಿಸಿದರೆ ದ್ವೇಷವು ಕರಗುವುದೆಂದು ಅವರು ನಂಬಿದ್ದರು. ಅದೇ 1899ರ ಏಪ್ರಿಲ್‌ನಲ್ಲಿ ಜಾರ್ಜಿಯಾ ಸಂಸ್ಥಾನದಲ್ಲಿ ಸ್ಯಾಮ್ ಹೋಸ್ ಎಂಬ ಕರಿಯ ಕೂಲಿಗಾರನು ದೊಂಬಿಯ ಕೈಗೆ ಸಿಕ್ಕಿದನು. ಡು ಬಾಯ್ಸರು ಸಮಾಧಾನದ ಭಾಷೆಯಲ್ಲಿ ಪತ್ರವೊಂದನ್ನು ಬರೆದು, ಅಟ್ಲಾಂಟದ ಪತ್ರಿಕಾ ಕಚೇರಿಗೆ ಹೊರಟರು. ಅವನನ್ನು ಕೊಂದಾಯಿತು, ಅವನ ಬೆರಳ ಗೆಣ್ಣುಗಳನ್ನು ಅದೇ ಬೀದಿಯ ಅಂಗಡಿಯೊಂದರಲ್ಲಿ ಪ್ರದರ್ಶನಕ್ಕಿಟ್ಟಿದೆ, ಎಂಬ ವರ್ತಮಾನ ದಾರಿಯಲ್ಲಿಯೇ ತಲುಪಿತು. ಅವರು ಮನೆಗೆ ಹಿಂದಿರುಗಿದರು. ನಿರ್ಲಿಪ್ತ ವಿಜ್ಞಾನಿಯಾಗಿ ಕುಳಿತಿರುವುದು ಇನ್ನು ಸಾಧ್ಯವಿಲ್ಲವೆಂದು ಅವರಿಗೆ ತೋರಿತು. 1910ರಲ್ಲಿ ಅಧ್ಯಾಪಕ ಪದವಿಯನ್ನೂ ಬಿಟ್ಟು, ನ್ಯೂಯಾರ್ಕಿನಿಂದ ‘ಕ್ರೈಸಿಸ್’ ಪತ್ರಿಕೆಯನ್ನು ಹೊರಡಿಸತೊಡಗಿದರು.

ಆದರೂ ಚರಿತ್ರೆಯ ವ್ಯಾಸಂಗವನ್ನು ಅವರು ಬಿಡಲಿಲ್ಲ. ಗುಲಾಮಗಿರಿ ತೊಲಗಿದ ಅನಂತರದ ವರ್ಷಗಳನ್ನು ಕುರಿತು 1935ರಲ್ಲಿ ಬರೆದ ಮಹಾಗ್ರಂಥದಲ್ಲಿ, ದಕ್ಷಿಣದ ಕರಿಯ ಕೂಲಿಯೂ ಬಿಳಿಯ ಕೂಲಿಯೂ ಏಕೆ ಒಂದಾಗಲಿಲ್ಲವೆಂಬ ಪ್ರಶ್ನೆಯನ್ನು ಎತ್ತಿದರು. ಬಿಳಿಯ ಬಡವನಿಗೆ ಕೈಗೆ ಬರುವ ಹಣ ಅಲ್ಪವೇ. ಆದರೆ ಕರಿಯನಿಗಿಂತ ತಾನು ಮೇಲೆಂಬ ಮರ್ಯಾದೆಯೂ ಆ ಕೂಲಿಯೊಡನೆ ಅವನಿಗೆ ಸಲ್ಲುತ್ತಿದ್ದಿತು ಎಂಬುದು ಅವರು ಕೊಟ್ಟ ಉತ್ತರ.