ತಾಮ್ರಪಟದ ಮುದ್ರೆ, ತಂತ್ರಾಂಶದ ಸಹಿ

ಆಳಂದ, ಅಫಜಲಪುರ, ಜೇವರ್ಗಿ ತಾಲ್ಲೂಕುಗಳ ಶಾಲೆಗಳಿಗೆ ಗಣಕಯಂತ್ರ ಬಂದ ಹೊಸತರಲ್ಲಿ ‘ಬರಹ’, ‘ನುಡಿ’ ತಂತ್ರಾಂಶಗಳು ಕೈಯಿಂದ ಕೈಗೆ ಸಾಗುತ್ತಿದ್ದವು. ಕಾರಣವಿತ್ತು. ಯುನಿಕೋಡ್ ರೂಢಿಗೆ ಬರುವ ಮುನ್ನ, ಒಂದು ಅಕ್ಷರಶೈಲಿಯಲ್ಲಿ ಬೆರಳಚ್ಚಿಸಿದ ಕನ್ನಡವನ್ನು ಅದೇ ಅಕ್ಷರಶೈಲಿಯಿದ್ದ ಯಂತ್ರದಲ್ಲಿ ಮಾತ್ರ ಓದಬಹುದಾಗಿತ್ತು. ಪ್ರಶ್ನೆಪತ್ರಿಕೆ ಕಳುಹಿಸುವವರು ತಂತ್ರಾಂಶವನ್ನೂ ಜೊತೆಗಿಡಬೇಕಿತ್ತು. ಶೇಷಾದ್ರಿವಾಸು ಅವರು 1998ರಲ್ಲಿ ಹೊರತಂದ ಬರಹವಾಗಲಿ, ಕನ್ನಡ ಗಣಕ ಪರಿಷತ್ತು ರೂಪಿಸಿದ ನುಡಿಯಾಗಲಿ ನಮಗೆ ದೊರೆಯುತ್ತಿದ್ದುದು ಮೂಲದಿಂದಲ್ಲ, ಪ್ರತಿಯ ಪ್ರತಿಯಾಗಿ. ಪರಿಚಿತರೊಬ್ಬರು ಕೊಟ್ಟ ಅಂಥ ಸಿ.ಡಿ.ಯೊಂದರಿಂದ ವೈರಸ್ ಹೊಕ್ಕು ನನ್ನ ಎರಡು ವರ್ಷಗಳ ಪಾಠಟಿಪ್ಪಣಿಗಳು ಅಳಿದುಹೋದವು. ತಂತ್ರಾಂಶದ ದೋಷವಲ್ಲ ಅದು. ನಡುದಾರಿಯಲ್ಲಿ ಯಾವುದೋ ಯಂತ್ರದಿಂದ ಅಂಟಿದ ರೋಗ.

ನಮ್ಮ ಮಳಖೇಡದಿಂದ ಆಳಿದ ರಾಷ್ಟ್ರಕೂಟರು ನಡುದಾರಿಯ ಈ ಭಯವನ್ನು ಬಲ್ಲವರು. ದಾನಶಾಸನದ ತಾಮ್ರಪಟಗಳಿಗೆ ಬಳೆ ಪೋಣಿಸಿ, ಅದರ ತುದಿಗಳನ್ನು ಸಾಮಾನ್ಯವಾಗಿ ಗರುಡನಿರುವ ಮುದ್ರೆಯಲ್ಲಿ ಬೆಸೆಯುತ್ತಿದ್ದರು. ಹಲಗೆ ಬದಲಿಸಬೇಕಾದರೆ ಬಳೆಯನ್ನು ಕತ್ತರಿಸಬೇಕು. ಆದರೂ ನಾಡಿನಲ್ಲಿ ಕೂಟಶಾಸನಗಳು ಹುಟ್ಟಿಕೊಂಡವು. ಜೆ.ಎಫ್. ಫ್ಲೀಟ್ ಅವನ್ನು ಹಿಡಿದದ್ದು ಮುದ್ರೆ ನೋಡಿಯಷ್ಟೇ ಅಲ್ಲ, ಲಿಪಿಯ ಕಾಲವನ್ನೂ ತಿಥಿವಾರಗಳ ಹೊಂದಿಕೆಯನ್ನೂ ಪರೀಕ್ಷಿಸಿ. (ಗಂಗರ ತಾಮ್ರಪಟಗಳ ಕುರಿತು ಅವರಿಗೂ ರೈಸರಿಗೂ ನಡೆದ ವಾದವನ್ನು ಇನ್ನೊಮ್ಮೆ ಬರೆಯುವೆ.)

ಗಣಕಯುಗದ ಬಳೆಯೆಂದರೆ ಹ್ಯಾಶ್. ರೊನಾಲ್ಡ್ ರಿವೆಸ್ಟ್ 1992ರಲ್ಲಿ ಪ್ರಕಟಿಸಿದ ಎಂಡಿ5 ವಿಧಾನವು ಇಡೀ ಕಡತವನ್ನು 32 ಅಕ್ಷರಾಂಕಗಳ ಗುರುತಿಗೆ ಇಳಿಸುತ್ತದೆ. ಕಡತ ಕಿಂಚಿತ್ ಬದಲಾದರೂ ಗುರುತು ಬೇರೆಯಾಗುತ್ತದೆ. ಆದರೆ ಒಂದೇ ಗುರುತಿನ ಎರಡು ಭಿನ್ನ ದತ್ತಾಂಶಗಳನ್ನು ರಚಿಸಬಹುದೆಂದು 2004ರಲ್ಲಿ ಚೀನಾದ ವಾಂಗ್ ಷಿಯಾವ್‌ಯುನ್ ಮತ್ತು ಸಂಗಡಿಗರು ತೋರಿಸಿದರು. ಈಗ 64 ಅಕ್ಷರಾಂಕಗಳ ಎಸ್‌ಎಚ್‌ಎ-256 ಬಳಕೆಯಲ್ಲಿದೆ. ವಿಂಡೋಸಿನ ‘ಸರ್ಟ್‌ಯುಟಿಲ್’ ಆಜ್ಞೆ ಅದನ್ನು ಲೆಕ್ಕಹಾಕಿ ಕೊಡುತ್ತದೆ.

ಆದರೆ ಹೋಲಿಸಬೇಕಾದ ಗುರುತನ್ನು ತರುವುದೆಲ್ಲಿಂದ? 2016ರ ಫೆಬ್ರವರಿ 20ರಂದು ಲಿನಕ್ಸ್ ಮಿಂಟ್ ತಾಣವನ್ನು ಭೇದಿಸಿದವನು ಇಳಿಕೆಯ ಕೊಂಡಿಯನ್ನು ನಕಲಿ ಕಡತದತ್ತ ತಿರುಗಿಸಿದ. ಪುಟದಲ್ಲಿದ್ದ ಗುರುತನ್ನೂ ಬದಲಿಸಿದ್ದಾಗಿ ಹೇಳಿಕೊಂಡ. ಕಳ್ಳನೇ ಮುದ್ರೆಯನ್ನೂ ಒತ್ತಿಕೊಟ್ಟಂತಾಯಿತು! ಆದ್ದರಿಂದಲೇ ತಯಾರಕರು ತಮ್ಮ ಗುಪ್ತ ಕೀಲಿಯಿಂದ ಹಾಕುವ ಡಿಜಿಟಲ್ ಸಹಿಗೆ ಹೆಚ್ಚಿನ ಬೆಲೆ. ಅದಕ್ಕೂ ಮಿತಿಯುಂಟು. 2017ರಲ್ಲಿ ಸಿಕ್ಲೀನರ್ 5.33ನೆಯ ಆವೃತ್ತಿಯ ಸಹಿ ಅಪ್ಪಟವಾಗಿತ್ತು. ವಿಷ ಬೆರೆತದ್ದು ಸಹಿ ಬೀಳುವ ಮುನ್ನವೇ, ತಯಾರಕರ ಮನೆಯೊಳಗೇ. ಸುಮಾರು 22 ಲಕ್ಷ ಯಂತ್ರಗಳಿಗೆ ಅದು ತಲುಪಿತು.

ಈಗ ನಾನು ತಯಾರಕರ ತಾಣದಿಂದಲೇ ಕಡತ ಇಳಿಸಿಕೊಂಡು, ಅದರ ಗುಣಲಕ್ಷಣಗಳ ಕಿಟಕಿಯಲ್ಲಿ ಸಹಿಯಿದೆಯೇ, ಯಾರದ್ದು ಎಂದು ನೋಡುತ್ತೇನೆ. ಆ ಹಳೆಯ ಸಿ.ಡಿ. ಟ್ರಂಕಿನಲ್ಲಿದೆ. ಮೇಲೆ ಯಾರೋ ನೀಲಿ ಶಾಯಿಯಲ್ಲಿ ‘ಒರಿಜಿನಲ್’ ಎಂದು ಬರೆದಿದ್ದಾರೆ.