ಸಂಕೇತಶಾಸ್ತ್ರ: ಒಂದು ಶಬ್ದದ ಚರಿತ್ರೆ

ದೇವಾಲಯವೊಂದಕ್ಕೆ ನೂರು ವರ್ಷ ತುಂಬಿದಾಗ ಅದರ ಅಡಿಗಲ್ಲು, ಗೋಪುರ, ಗಂಟೆ ಮತ್ತು ಸೇವೆ ಸಲ್ಲಿಸಿದ ಗುರುಗಳ ವಿವರಗಳನ್ನು ದಾಖಲಿಸುವುದು ವಾಡಿಕೆ. ಇದು ಯುಕ್ತವೂ ಹೌದು. ಆದರೆ ಅಳತೆಗೆ ಸಿಗದ, ಲೆಕ್ಕಪುಸ್ತಕಕ್ಕೆ ಏರದ ಇನ್ನೊಂದು ಆಸ್ತಿಯೂ ಪ್ರತಿಯೊಂದು ದೇವಾಲಯದಲ್ಲಿದೆ. ಬಾಗಿಲಲ್ಲಿ ತೀರ್ಥವನ್ನು ಮುಟ್ಟಿ ಹಣೆ, ಎದೆ, ಭುಜಗಳ ಮೇಲೆ ಹಾಕಿಕೊಳ್ಳುವ ಶಿಲುಬೆಯ ಗುರುತು, ಪೀಠದ ಮೇಲೆ ಉರಿಯುವ ದೀಪ, ತಪಸ್ಸುಕಾಲದ ಆರಂಭದಲ್ಲಿ ಹಣೆಗೆ ಹಚ್ಚುವ ವಿಭೂತಿ, ಶಿಲುಬೆಯ ಮೇಲಿನ ನಾಲ್ಕು ಅಕ್ಷರಗಳು, ಇವೆಲ್ಲ ಆ ಆಸ್ತಿಗೆ ಸೇರಿದವು. ಇವುಗಳನ್ನು ನಾವು ಸಂಕೇತಗಳೆನ್ನುತ್ತೇವೆ. ಇವುಗಳ ಅಧ್ಯಯನಕ್ಕೆ ಸಂಕೇತಶಾಸ್ತ್ರವೆಂಬ ಹೆಸರಿದೆ. ಆ ಹೆಸರಿನ ಅರ್ಥವೇನು, ಅದನ್ನು ಯಾರು ಯಾವಾಗ ಯಾವ ರೀತಿ ಬಳಸಿದರು, ಕೋಲಾರ, ಮಾಲೂರು, ಮುಳಬಾಗಿಲು, ಶ್ರೀನಿವಾಸಪುರಗಳ ಈ ಸೀಮೆಗೂ ಅದಕ್ಕೂ ಏನು ಸಂಬಂಧ ಎಂಬುದನ್ನು ಈ ಲೇಖನದಲ್ಲಿ ವಿಚಾರಿಸಬಯಸುತ್ತೇವೆ.

ಒಂದು ಶಬ್ದ, ಹಲವು ಬಳಕೆ

ಯೂರೋಪಿನಲ್ಲಿ ಚಿಹ್ನೆಗಳ ಅಧ್ಯಯನವೆಂಬ ಮಾತು ಮೊದಲು ಕೇಳಿಬಂದದ್ದು ವೈದ್ಯರ ಮನೆಯಲ್ಲಿ. 2ನೆಯ ಶತಮಾನದ ಗ್ರೀಕ್ ವೈದ್ಯ ಗ್ಯಾಲೆನನ ಕಾಲದಲ್ಲಿ ನಾಡಿ, ಜ್ವರ, ನಾಲಗೆಯ ಬಣ್ಣಗಳಿಂದ ಒಳಗಿನ ರೋಗವನ್ನು ಅರಿಯುವ ವಿದ್ಯೆಗೆ ‘ಸೆಮಿಯೋಟಿಕೆ’ ಎಂಬ ಹೆಸರಿತ್ತು. 1690ರಲ್ಲಿ ಆಂಗ್ಲ ದಾರ್ಶನಿಕ ಜಾನ್ ಲಾಕನು ಅದೇ ಶಬ್ದವನ್ನು ಎತ್ತಿಕೊಂಡು, ಮಾತು ಮತ್ತು ಚಿಹ್ನೆಗಳ ವಿಚಾರವೆಂಬ ಹೊಸ ಅರ್ಥವನ್ನು ಕೊಟ್ಟನು. ಅವನಿಗಿಂತ ಮುಂಚೆಯೇ, 1632ರಲ್ಲಿ, ದೊಮಿನಿಕ್ ಸಭೆಯ ಗುರು ಸಂತ ತೋಮಸರ ಜಾನ್ ಚಿಹ್ನೆಗಳನ್ನು ಕುರಿತು ಪ್ರೌಢವಾದ ವಿವೇಚನೆಯನ್ನು ಪ್ರಕಟಿಸಿದ್ದರು. ಅಮೆರಿಕದ ಪರ್ಸ್ ಮತ್ತು ಸ್ವಿಟ್ಜರ್ಲೆಂಡಿನ ಸೊಸ್ಯೂರ್ ಇದನ್ನು ಆಧುನಿಕ ಶಾಸ್ತ್ರವಾಗಿ ಬೆಳೆಸಿದರು; ಸೊಸ್ಯೂರನ ಉಪನ್ಯಾಸಗಳು ಅವನ ಮರಣಾನಂತರ 1916ರಲ್ಲಿ ಅಚ್ಚಾದವು. 2003ರಲ್ಲಿ ಹೊರಬಂದ ‘ದ ಡಾ ವಿಂಚಿ ಕೋಡ್’ ಎಂಬ ಕಾದಂಬರಿಯ ನಾಯಕನು ಹಾರ್ವರ್ಡ್ ವಿಶ್ವವಿದ್ಯಾನಿಲಯದ ‘ಸಿಂಬಾಲಜಿ’ ಪ್ರಾಧ್ಯಾಪಕ. ಅಂತಹ ವಿಭಾಗ ಆ ವಿಶ್ವವಿದ್ಯಾನಿಲಯದಲ್ಲಿ ಇಲ್ಲ. ಆದರೂ ಸಂಕೇತಶಾಸ್ತ್ರವೆಂದರೆ ಧರ್ಮಸಭೆ ಬಚ್ಚಿಟ್ಟ ಗುಟ್ಟುಗಳನ್ನು ಬಯಲಿಗೆಳೆಯುವ ವಿದ್ಯೆಯೆಂಬ ತಪ್ಪು ಕಲ್ಪನೆ ಆ ಕಥೆಯಿಂದ ಹಲವರಲ್ಲಿ ಬೇರೂರಿತು.

ಇವೆಲ್ಲವುಗಳ ನಡುವೆ ಧರ್ಮಸಭೆಯದೇ ಆದ ಬಳಕೆಯೊಂದಿದೆ. 1832ರಲ್ಲಿ ಜರ್ಮನಿಯ ಕಥೋಲಿಕ ಗುರು ಯೋಹಾನ್ ಆಡಮ್ ಮೋಲರ್ ‘ಸಿಂಬಾಲಿಕ್’ ಎಂಬ ಗ್ರಂಥವನ್ನು ಪ್ರಕಟಿಸಿದರು. 1854ರಲ್ಲಿ ಗುರು ಹೈನ್‌ರಿಖ್ ಡೆನ್ಜಿಂಗರ್ ‘ಸಿಂಬಲಗಳ ಕೈಪಿಡಿ’ ಎಂಬ ಅರ್ಥದ ಲ್ಯಾಟಿನ್ ಹೆಸರಿನ ಸಂಗ್ರಹವನ್ನು ಹೊರತಂದರು. ಚಿತ್ರಗಳನ್ನೂ ಚಿಹ್ನೆಗಳನ್ನೂ ನಿರೀಕ್ಷಿಸಿ ಈ ಗ್ರಂಥಗಳನ್ನು ತೆರೆಯುವವರಿಗೆ ನಿರಾಶೆಯಾಗುತ್ತದೆ. ಅವುಗಳಲ್ಲಿರುವುದು ವಿಶ್ವಾಸಪ್ರಮಾಣಗಳು, ಮಹಾಸಭೆಗಳ ಬೋಧನೆಗಳು. ಧರ್ಮಸಭೆಯ ಲ್ಯಾಟಿನ್ ಭಾಷೆಯಲ್ಲಿ ‘ಸಿಂಬಲುಂ’ ಎಂದರೆ ಭಾನುವಾರದ ಪೂಜೆಯಲ್ಲಿ ನಾವೆಲ್ಲರೂ ಎದ್ದು ನಿಂತು ಹೇಳುವ ವಿಶ್ವಾಸಪ್ರಮಾಣವೇ. ಇದೇಕೆ ಹೀಗೆ?

ಒಡೆದ ಬಿಲ್ಲೆಯ ಎರಡು ಭಾಗಗಳು

ಮೂಲ ಗ್ರೀಕ್ ಶಬ್ದಕ್ಕೆ ‘ಒಟ್ಟಿಗೆ ಸೇರಿಸಿದ್ದು’ ಎಂದರ್ಥ. ಗ್ರೀಕರಲ್ಲಿ ಇಬ್ಬರು ಸ್ನೇಹಿತರು ಅಗಲುವಾಗ ಒಂದು ಬಿಲ್ಲೆಯನ್ನೋ ಮೂಳೆಯ ತುಂಡನ್ನೋ ಎರಡಾಗಿ ಮುರಿದು ಒಬ್ಬೊಬ್ಬರು ಒಂದೊಂದು ಭಾಗವನ್ನು ಇಟ್ಟುಕೊಳ್ಳುತ್ತಿದ್ದರು. ವರ್ಷಗಳು ಕಳೆದ ಮೇಲೆ ಒಬ್ಬನ ಮಗನು ಇನ್ನೊಬ್ಬನ ಮನೆಬಾಗಿಲಿಗೆ ಬಂದು ತನ್ನ ತುಂಡನ್ನು ತೋರಿಸಿದರೆ, ಎರಡನ್ನೂ ಜೋಡಿಸಿ ನೋಡಿ, ಅಂಚಿಗೆ ಅಂಚು ಕೂಡಿದಾಗ ಅವನನ್ನು ಮನೆಯವನೆಂದು ಬರಮಾಡಿಕೊಳ್ಳುತ್ತಿದ್ದರು. ಒಂದೇ ತುಂಡಿಗೆ ಬೆಲೆಯಿಲ್ಲ. ಇನ್ನೊಂದನ್ನು ಕಾಪಾಡಿಕೊಂಡವನು ಇರಬೇಕು.

3ನೆಯ ಶತಮಾನದಲ್ಲಿ ಕಾರ್ಥೇಜಿನ ಧರ್ಮಾಧ್ಯಕ್ಷ ಸಂತ ಸಿಪ್ರಿಯಾನರು ಜ್ಞಾನಸ್ನಾನದ ವಿಶ್ವಾಸಪ್ರಮಾಣವನ್ನು ಈ ಹೆಸರಿನಿಂದ ಕರೆದರು. ಸುಮಾರು 400ರ ಹೊತ್ತಿಗೆ ರುಫಿನುಸ್ ಎಂಬ ಗುರುಗಳು, ಸೈನಿಕರು ತಮ್ಮವರನ್ನು ಗುರುತಿಸಲು ಬಳಸುವ ಗುಪ್ತಮಾತಿನಂತೆ ವಿಶ್ವಾಸಪ್ರಮಾಣವು ಕ್ರೈಸ್ತನ ಗುರುತೆಂದು ವಿವರಿಸಿದರು. ಆ ಕಾಲದಲ್ಲಿ ಅದನ್ನು ಕಾಗದದ ಮೇಲೆ ಬರೆದುಕೊಳ್ಳುವಂತಿರಲಿಲ್ಲ. ಜ್ಞಾನಸ್ನಾನಕ್ಕೆ ಸಿದ್ಧರಾಗುವವರಿಗೆ ಧರ್ಮಾಧ್ಯಕ್ಷರು ಬಾಯಿಮಾತಿನಿಂದ ಅದನ್ನು ಒಪ್ಪಿಸುತ್ತಿದ್ದರು. ಅವರು ಕಂಠಪಾಠ ಮಾಡಿ ಕೆಲವು ದಿನಗಳ ಮೇಲೆ ಎಲ್ಲರ ಮುಂದೆ ಮರಳಿ ಒಪ್ಪಿಸುತ್ತಿದ್ದರು. ಬಯಸಿ ಬಂದ ಪ್ರತಿಯೊಬ್ಬನಿಗೂ, ಅವನು ದಾಸನಾಗಲಿ ದೊರೆಯಾಗಲಿ, ಅದನ್ನು ಕೊಡುತ್ತಿದ್ದರೆಂಬುದನ್ನು ವಾಚಕರು ಗಮನಿಸಬೇಕು. ಗುಟ್ಟಾಗಿ ಇಟ್ಟುಕೊಳ್ಳುವುದಕ್ಕಲ್ಲ, ಕೈಯಿಂದ ಕೈಗೆ ದಾಟಿಸುವುದಕ್ಕೇ ಅದು ಇದ್ದದ್ದು. 325ರ ನಿಸೇಯ ಮಹಾಸಭೆಯ ವಿಶ್ವಾಸಪ್ರಮಾಣಕ್ಕೆ 2025ರಲ್ಲಿ 1700 ವರ್ಷಗಳು ತುಂಬಿದವು. ಆ ಬಿಲ್ಲೆಯ ಒಂದು ಭಾಗ ಇಂದು ನಮ್ಮ ಕೈಯಲ್ಲಿದೆ.

ನಮ್ಮ ಭಾಷೆಯ ಮಾತುಗಳು

ಕನ್ನಡದಲ್ಲಿ ಈ ಅರ್ಥಕ್ಕೆ ಶಬ್ದದಾರಿದ್ರ್ಯವಿಲ್ಲ. ಕುರುಹು, ಗುರುತು, ಚಿಹ್ನೆ, ಮುದ್ರೆ, ಲಾಂಛನ, ಪ್ರತೀಕ, ಸಂಕೇತ ಎಲ್ಲವೂ ಇವೆ, ಆದರೆ ಪ್ರತಿಯೊಂದಕ್ಕೂ ತನ್ನದೇ ಆದ ತೂಕವಿದೆ. ಲಾಂಛನವು ಅರಸರ ಧ್ವಜಕ್ಕೆ ಸಲ್ಲುವ ಮಾತು; ಕುವಲಾಲವೆಂದು ಹೆಸರಾಗಿದ್ದ ಕೋಲಾರದಿಂದ ಆಳಿದ ಗಂಗರ ಲಾಂಛನ ಆನೆ. ಪ್ರತೀಕಕ್ಕೆ ಸಂಸ್ಕೃತದಲ್ಲಿ ಅವಯವ, ಭಾಗ ಎಂಬ ಅರ್ಥವೂ ಇದೆ. ಶ್ಲೋಕದ ಮೊದಲ ಪದವನ್ನು ಮಾತ್ರ ಹೇಳಿ ಇಡೀ ಶ್ಲೋಕವನ್ನು ನೆನಪಿಗೆ ತರುವುದನ್ನು ವ್ಯಾಖ್ಯಾನಕಾರರು ಪ್ರತೀಕವೆನ್ನುತ್ತಾರೆ. ಇದು ಗ್ರೀಕರ ಒಡೆದ ಬಿಲ್ಲೆಗೆ ಬಹಳ ಸಮೀಪವಾದದ್ದು. ಶಿಲುಬೆಗೆ ಮಾತ್ರ ನಮ್ಮ ಹಿರಿಯರು ಮನೆಮಾತಿನ ‘ಗುರುತು’ ಎಂಬುದನ್ನೇ ಉಳಿಸಿಕೊಂಡರು. ‘ಶಿಲುಬೆ’ ಎಂಬುದಾದರೋ ಸಿರಿಯಾಕ್ ಭಾಷೆಯಿಂದ ಹೊರಟು, ತಮಿಳಿನ ‘ಸಿಲುವೈ’ಯ ನೆರೆಯಲ್ಲಿ ನಮ್ಮ ಭಾಷೆಗೆ ಬಂದು ನೆಲಸಿದ ಶಬ್ದ.

‘ಸಂಕೇತ’ದ ಮೂಲಾರ್ಥ ಒಪ್ಪಂದ, ಮುಂಚಿತವಾಗಿ ಮಾಡಿಕೊಂಡ ಏರ್ಪಾಡು. ಕಾವ್ಯಗಳಲ್ಲಿ ಸಂಕೇತಸ್ಥಾನವೆಂದರೆ ಇಬ್ಬರು ಸಂಧಿಸಲು ಗೊತ್ತುಮಾಡಿಕೊಂಡ ತಾಣ. ಈ ಶಬ್ದದಿಂದ ಈ ಅರ್ಥ ತಿಳಿಯಬೇಕೆಂಬ ಕಟ್ಟಳೆಯನ್ನೇ ನೈಯಾಯಿಕರು ಸಂಕೇತವೆಂದರು. ಅದು ಈಶ್ವರೇಚ್ಛೆಯೆಂದು ಪ್ರಾಚೀನರೂ, ಮನುಷ್ಯರ ಇಚ್ಛೆಯೂ ಆಗಬಹುದೆಂದು ನವ್ಯರೂ ವಾದಿಸಿದರು. ಹಿಪ್ಪೋ ನಗರದ ಸಂತ ಅಗಸ್ಟೀನರೂ 4ನೆಯ ಶತಮಾನದ ಕೊನೆಯಲ್ಲಿ ಇದೇ ಮಾರ್ಗದಲ್ಲಿ ನಡೆದು, ಬೆಂಕಿಯನ್ನು ಸೂಚಿಸುವ ಹೊಗೆಯಂತಹ ಸಹಜ ಚಿಹ್ನೆ ಬೇರೆ, ಮಾತಿನಂತೆ ಒಬ್ಬರಿಗೊಬ್ಬರು ಕೊಡುವ ಚಿಹ್ನೆ ಬೇರೆ ಎಂದು ವಿಂಗಡಿಸಿದರು.

ಊರಿನ ಹೆಸರುಗಳೂ ಇಂತಹ ಒಪ್ಪಂದಗಳೇ. ಮುಳಬಾಗಿಲು ಎಂದರೆ ಮೂಡಣ ಬಾಗಿಲು. ಪಾಪನಪಲ್ಲಿಯೆಂಬ ಊರು ದಿವಾನ್ ಪೂರ್ಣಯ್ಯನವರ ಮಗ ಶ್ರೀನಿವಾಸಮೂರ್ತಿಯ ಹೆಸರಿನಿಂದ ಶ್ರೀನಿವಾಸಪುರವಾಯಿತು. ಜನರು ಒಪ್ಪಿ ಕರೆದುದರಿಂದ ಆ ಹೆಸರು ನಿಂತಿತು. ನಮ್ಮ ಸೀಮೆಯ ವೀರಗಲ್ಲುಗಳನ್ನು ನೋಡಿರಿ. ಕೆಳಗೆ ಕಾಳಗ, ನಡುವೆ ವೀರನನ್ನು ಕರೆದೊಯ್ಯುವ ದೇವಕನ್ಯೆಯರು, ಮೇಲೆ ದೇವಸನ್ನಿಧಿ, ತುದಿಯಲ್ಲಿ ಸೂರ್ಯಚಂದ್ರರು. ಅಕ್ಷರ ಬಾರದ ರೈತನೂ ಇದನ್ನು ಕೆಳಗಿನಿಂದ ಮೇಲಕ್ಕೆ ಓದಬಲ್ಲವನಾಗಿದ್ದನು. ಬಳೆ ತೊಟ್ಟು ಎತ್ತಿದ ಕೈ ಮಾಸ್ತಿಕಲ್ಲಿನ ಗುರುತು. ಮಾಲೂರು ತಾಲ್ಲೂಕಿನ ಮಾಸ್ತಿ ಗ್ರಾಮದ ಹೆಸರಿನಲ್ಲಿಯೂ ಅದೇ ಧ್ವನಿಯಿದೆ. 1905ರಲ್ಲಿ ಬಿ. ಎಲ್. ರೈಸ್ ಕೋಲಾರ ಜಿಲ್ಲೆಯ ಶಾಸನಗಳನ್ನು ‘ಎಪಿಗ್ರಾಫಿಯಾ ಕರ್ನಾಟಿಕ’ದ 10ನೆಯ ಸಂಪುಟದಲ್ಲಿ ಪ್ರಕಟಿಸಿದ್ದರಿಂದ ಎಷ್ಟೋ ಕಲ್ಲುಗಳು ಮತ್ತೆ ಮಾತನಾಡಿದವು. ಓದುವವರಿಲ್ಲದಿದ್ದರೆ ವೀರಗಲ್ಲು ಬಟ್ಟೆ ಒಗೆಯುವ ಕಲ್ಲಾಗುತ್ತದೆ.

ಗಂಧ, ತಾಳಿ ಮತ್ತು ಧರ್ಮಸಭೆ

ಸಂಕೇತಗಳ ಅರ್ಥವನ್ನು ಕುರಿತ ದೊಡ್ಡ ವಿವಾದವೊಂದು ನಮ್ಮ ನೆರೆಯಲ್ಲಿಯೇ ನಡೆಯಿತು. 1606ರಲ್ಲಿ ಮಧುರೆಗೆ ಬಂದ ಯೇಸುಸಭೆಯ ಗುರು ರೊಬೆರ್ತೊ ದೆ ನೊಬಿಲಿ ಸಂನ್ಯಾಸಿಯ ಉಡುಪನ್ನು ಧರಿಸಿ, ಜನಿವಾರ, ಜುಟ್ಟು, ಗಂಧಗಳು ಲೌಕಿಕ ಮರ್ಯಾದೆಯ ಗುರುತುಗಳೇ ಹೊರತು ಅನ್ಯಪೂಜೆಯ ಅಂಗಗಳಲ್ಲವೆಂದು ವಾದಿಸಿದರು. ಜಗದ್ಗುರು 15ನೆಯ ಗ್ರೆಗೋರಿಯವರು 1623ರಲ್ಲಿ ಅದಕ್ಕೆ ಅನುಮತಿಯಿತ್ತರು. ಆ ಶತಮಾನದ ಮಧ್ಯಭಾಗದಲ್ಲಿ ಗುರು ಲೆಯೊನಾರ್ದೊ ಚಿನ್ನಮಿ ಶ್ರೀರಂಗಪಟ್ಟಣದಲ್ಲಿ ಮೈಸೂರು ಮಿಷನ್ನನ್ನು ಆರಂಭಿಸಿದರು. 18ನೆಯ ಶತಮಾನದ ಆದಿಯಲ್ಲಿ ಫ್ರೆಂಚ್ ಯೇಸುಸಭೆಯವರ ಕರ್ನಾಟಿಕ್ ಮಿಷನ್ ಮುಳಬಾಗಿಲು, ಶ್ರೀನಿವಾಸಪುರಗಳ ಪೂರ್ವದ ಗಡಿಯಾಚೆ ಪುಂಗನೂರಿನಲ್ಲಿ ನೆಲೆಯೂರಿತು.

1703ರ ನವೆಂಬರಿನಲ್ಲಿ ಜಗದ್ಗುರುಗಳ ಪ್ರತಿನಿಧಿ ತುರ್ನೋನ್ ಪುದುಚೇರಿಗೆ ಬಂದಿಳಿದರು. ಒಳನಾಡನ್ನು ಕಾಣದೆಯೇ, 1704ರ ಜೂನ್ 23ರಂದು ಅವರು ಮಧುರೆ, ಮೈಸೂರು, ಕರ್ನಾಟಿಕ್ ಮಿಷನ್ನುಗಳಿಗೆ ಅನ್ವಯಿಸುವ ಆಜ್ಞೆಗೆ ಸಹಿ ಹಾಕಿದರು. ಪಿಳ್ಳೆಯಾರನ ರೂಪವಿರುವ ತಾಳಿ, 108 ಎಳೆಗಳ ಅರಿಸಿನದ ದಾರ, ಮದುವೆಯಲ್ಲಿ ತೆಂಗಿನಕಾಯಿ ಒಡೆಯುವುದು, ಹಣೆಯ ಮೇಲಿನ ಗುರುತುಗಳು ನಿಷಿದ್ಧವಾದವು. ತಾಳಿಯಲ್ಲಿ ಶಿಲುಬೆಯೋ ಪ್ರಭುವಿನ ಅಥವಾ ಕನ್ಯಾಮರಿಯಮ್ಮನವರ ರೂಪವೋ ಇರಬಹುದೆಂದು ವಿಧಿಸಲಾಯಿತು. 1744ರಲ್ಲಿ ಜಗದ್ಗುರು 14ನೆಯ ಬೆನೆಡಿಕ್ಟರು ಈ ತೀರ್ಪನ್ನು ಸ್ಥಿರಪಡಿಸಿದರು. ಮಿಷನರಿಗಳು ಇದನ್ನು ಪಾಲಿಸುವೆವೆಂದು ಆಣೆಯಿಡಬೇಕಾಗಿದ್ದ ನಿಯಮ 1940ರವರೆಗೂ ಇತ್ತು.

ಯಾರು ಸರಿ? ಎರಡು ಪಕ್ಷದಲ್ಲಿಯೂ ಸತ್ಯವಿತ್ತೆಂದು ನಾವು ಭಾವಿಸುತ್ತೇವೆ. ದೆ ನೊಬಿಲಿಯವರು ತಿಳಿದಂತೆ, ಸಂಕೇತದ ಅರ್ಥವನ್ನು ಅದನ್ನು ಬಳಸುವ ಜನರಿಂದಲೇ ಕೇಳಿ ತಿಳಿಯಬೇಕು. ದೂರದಿಂದ ನೋಡಿ ನಿರ್ಣಯಿಸಲಾಗದು. ಆದರೆ ಮೇಲಿನವರಿಗೆ ಮರ್ಯಾದೆಯಾಗಿದ್ದ ಗುರುತೇ ಅಸ್ಪೃಶ್ಯರೆಂದು ದೂರವಿಡಲ್ಪಟ್ಟವರಿಗೆ ಬೇಲಿಯೂ ಆಗಿತ್ತು. ರೋಗಿಗಳಾದ ಆ ಬಡವರ ಮನೆಗಳಿಗೆ ಗುರುಗಳು ಹೋಗಲೇಬೇಕೆಂದು ಅದೇ ಆಜ್ಞೆ ಒತ್ತಿ ಹೇಳಿದ್ದನ್ನು ಮರೆಯಬಾರದು. ಒಬ್ಬನನ್ನು ಒಳಗೆ ಕರೆದು ಇನ್ನೊಬ್ಬನನ್ನು ಹೊರಗೆ ನಿಲ್ಲಿಸುವ ಗುರುತು ಕ್ರೈಸ್ತರ ಒಪ್ಪಂದವಾಗಲಾರದು. ಈ ಮಾತು ಇಂದಿಗೂ ನಮ್ಮೆಲ್ಲರ ಆತ್ಮಶೋಧನೆಗೆ ತಕ್ಕದ್ದು.

ಅನಂತರದ ಗುರುಗಳು ನಮ್ಮ ಭಾಷೆಯನ್ನು ಶ್ರದ್ಧೆಯಿಂದ ಕಲಿತರು. ಮೈಸೂರು ಮಿಷನ್ನಿನ ಧರ್ಮಾಧ್ಯಕ್ಷ ಶಾರ್ಬೊನೊ ಅವರ ಲ್ಯಾಟಿನ್–ಕನ್ನಡ ನಿಘಂಟು 1861ರಲ್ಲಿ ಬೆಂಗಳೂರಿನಲ್ಲಿ ಅಚ್ಚಾಯಿತು. ದ್ವಿತೀಯ ವ್ಯಾಟಿಕನ್ ಮಹಾಸಭೆಯು 1963ರ ಪೂಜಾವಿಧಿಯ ಸಂವಿಧಾನದಲ್ಲಿ ಜನಾಂಗಗಳ ಸತ್ಸಂಪ್ರದಾಯಗಳಿಗೆ ಬಾಗಿಲು ತೆರೆಯಿತು. 1967ರಲ್ಲಿ ಗುರು ಅಮಲೋರ್ಪವದಾಸರ ನೇತೃತ್ವದಲ್ಲಿ ಬೆಂಗಳೂರಿನಲ್ಲಿ ಸ್ಥಾಪಿತವಾದ ರಾಷ್ಟ್ರೀಯ ಕೇಂದ್ರವು ಈ ಕಾರ್ಯದಲ್ಲಿ ಮುಂದಾಯಿತು. 1969ರ ಏಪ್ರಿಲ್ 25ರಂದು ರೋಮ್ 12 ಅಂಶಗಳಿಗೆ ಒಪ್ಪಿಗೆಯಿತ್ತಿತು: ಅಂಜಲಿಬದ್ಧ ನಮಸ್ಕಾರ, ಎಣ್ಣೆಯ ದೀಪ, ಆರತಿ, ನೆಲದ ಮೇಲೆ ಕುಳಿತುಕೊಳ್ಳುವುದು ಮೊದಲಾದವು. ಒಂದು ಕಾಲದಲ್ಲಿ ಸಂಶಯಕ್ಕೆ ಗುರಿಯಾದ ಬಗೆಯ ಗುರುತುಗಳು, ಸಭೆ ಕೂಡಿ ಒಪ್ಪಿದ್ದರಿಂದ, ಪೀಠದ ಬಳಿಗೆ ಬಂದವು.

‘ಕೇವಲ ಸಾಂಕೇತಿಕ’ವೇ?

ಈಚಿನ ಕನ್ನಡದಲ್ಲಿ ‘ಸಾಂಕೇತಿಕ’ವೆಂಬ ಮಾತು ಸವೆದುಹೋಗಿದೆ. ಸಾಂಕೇತಿಕ ಮುಷ್ಕರ, ಸಾಂಕೇತಿಕ ಬೆಲೆ ಎಂದು ಪತ್ರಿಕೆಗಳಲ್ಲಿ ಓದುತ್ತೇವೆ; ಹೆಸರಿಗೆ ಮಾತ್ರ ಇರುವುದು ಎಂದು ಅದರ ಅರ್ಥ. ಅದನ್ನೇ ಹಿಡಿದು, ಪರಮಪ್ರಸಾದವೂ ಸಾಂಕೇತಿಕವೇ ಅಲ್ಲವೇ ಎಂದು ನಮ್ಮ ಯುವಕರು ಕೇಳುವುದುಂಟು. ಉತ್ತರ ಸ್ಪಷ್ಟವಾಗಿರಬೇಕು. 1551ರ ಅಕ್ಟೋಬರ್ 11ರಂದು ಟ್ರೆಂಟ್ ಮಹಾಸಭೆಯು, ಪರಮಪ್ರಸಾದವು ಇತರ ಸಂಸ್ಕಾರಗಳಂತೆ ಪವಿತ್ರ ವಸ್ತುವಿನ ಸಿಂಬಲುಂ ಹೌದೆಂದು ಹೇಳಿತು. ಅದೇ ಉಸಿರಿನಲ್ಲಿ, ಅದರಲ್ಲಿ ಕ್ರಿಸ್ತರು ನಿಜವಾಗಿ, ವಾಸ್ತವವಾಗಿ, ತತ್ವತಃ ಇದ್ದಾರೆ, ಚಿಹ್ನೆಯಲ್ಲಿರುವಂತೆ ಮಾತ್ರವಲ್ಲ ಎಂದೂ ಸಾರಿತು. ಎರಡೂ ಮಾತುಗಳನ್ನು ಕೂಡಿಸಿ ಹಿಡಿಯಬೇಕು. ಕೋಲಾರದಲ್ಲಿ ಆಸ್ಪತ್ರೆಯ ಸೇವೆಯಿಂದ ಹೆಸರಾದ ಮೆಥೋಡಿಸ್ಟ್ ಸೋದರರು ಈ ಬೋಧನೆಯನ್ನು ನಮ್ಮಂತೆ ಒಪ್ಪುವುದಿಲ್ಲ. ಆದರೆ ಸಂಸ್ಕಾರಗಳು ಕ್ರೈಸ್ತನ ಬರಿಯ ಬಿಲ್ಲೆಗಳಲ್ಲ, ಕೃಪೆಯ ಚಿಹ್ನೆಗಳೆಂದು ಅವರ ವಿಶ್ವಾಸಸೂತ್ರಗಳೂ ಹೇಳುತ್ತವೆ. ಸಂಕೇತಸ್ಥಾನವೆಂದರೆ ಸಂಧಿಸಲು ಗೊತ್ತುಮಾಡಿದ ತಾಣವೆಂದು ಹಿಂದೆ ಹೇಳಿದೆವು. ಪ್ರಭು ಗೊತ್ತುಮಾಡಿದ ತಾಣಕ್ಕೆ ಪ್ರಭುವೇ ಬಾರದೆ ಇರುವರೇ?

ಆದುದರಿಂದ ಸಂಕೇತಶಾಸ್ತ್ರವು ಪಂಡಿತರಿಗೆ ಮಾತ್ರ ಮೀಸಲಾದ ವಿದ್ಯೆಯಲ್ಲ. ಮಗುವಿನ ಪುಟ್ಟ ಕೈಯನ್ನು ಹಿಡಿದು ಹಣೆಯಿಂದ ಎದೆಗೆ, ಭುಜದಿಂದ ಭುಜಕ್ಕೆ ನಡೆಸುವ ತಾಯಿ ಅದರ ಮೊದಲ ಉಪಾಧ್ಯಾಯಿನಿ. ಕನ್ನಡ, ತೆಲುಗು, ತಮಿಳುಗಳು ಬೆರೆತ ಈ ಸೀಮೆಯಲ್ಲಿ ಆ ಗುರುತು ಮೂರು ಭಾಷೆಯವರಿಗೂ ಒಂದೇ. ಬಿಲ್ಲೆಯ ಒಂದು ಭಾಗವನ್ನು ಹಿರಿಯರು ನಮ್ಮ ಕೈಗಿತ್ತು ಹೋಗಿದ್ದಾರೆ. ಅದರ ಅರ್ಥವನ್ನು ಹೇಳಿಕೊಡದೆ ಮಕ್ಕಳ ಕೈಗಿತ್ತರೆ ಅದು ಅವರಿಗೆ ಬರಿಯ ತುಂಡು. ಹೇಳಿಕೊಟ್ಟರೆ ಅದು ತಂದೆಯ ಮನೆಯ ಬಾಗಿಲನ್ನು ತೆರೆಸುವ ಕುರುಹು. ಎರಡನೆಯ ಶತಮಾನಕ್ಕೆ ಕಾಲಿಡುತ್ತಿರುವ ನಮ್ಮ ಧರ್ಮಕೇಂದ್ರದ ಪ್ರತಿಯೊಂದು ಮನೆಯಲ್ಲಿಯೂ ವಿಶ್ವಾಸಪ್ರಮಾಣವನ್ನು ಅರ್ಥಸಹಿತವಾಗಿ ಕಲಿಸುವ ಸಂಕಲ್ಪ ಈ ಉತ್ಸವದ ಶಾಶ್ವತ ಸ್ಮಾರಕವಾಗಲಿ. ಅದಕ್ಕೆ ಬೇಕಾದ ಬಲವನ್ನು ಪವಿತ್ರಾತ್ಮರು ನಮಗೆಲ್ಲ ದಯಪಾಲಿಸಲಿ.