ಎರಡು ತುಂಡಾದ ಪ್ರತಿ



ಈ ಸಲದ ಬರಹ ಇತಿಹಾಸದ ಪಾಠವೂ ಹೌದು, ನನ್ನ ತಪ್ಪೊಪ್ಪಿಗೆಯೂ ಹೌದು. ಪಾಠವನ್ನು ಎಂದಿನಂತೆ ವಿಸ್ತಾರವಾಗಿಯೇ ಹೇಳುತ್ತೇನೆ. ತಪ್ಪನ್ನು ಮಾತ್ರ ಮೊದಲೇ ಹೇಳಿಬಿಡುವುದು ಒಳ್ಳೆಯದು.

2003ರ ಜೂನ್ ತಿಂಗಳು. ಖಾನಾಪುರ ತಾಲೂಕಿನ ಪ್ರೌಢಶಾಲೆಯೊಂದರಲ್ಲಿ ನಾನು ಸಮಾಜ ವಿಜ್ಞಾನದ ಶಿಕ್ಷಕನಾಗಿದ್ದೆ. ಒಂಬತ್ತನೆಯ ತರಗತಿಯ ಒಬ್ಬ ಹುಡುಗನ ಚೀಲದಲ್ಲಿ ಎರಡು ಸೀಡಿಗಳು ಸಿಕ್ಕವು. ಒಂದರ ತಳ ಕಾಡಿಗೆಯಂತೆ ಕಪ್ಪು. ಇನ್ನೊಂದರ ತಳ ಹಸಿರು ಛಾಯೆಯದು. ಅದರ ಮೇಲೆ ಸ್ಕೆಚ್ ಪೆನ್ನಿನಿಂದ ಆಟದ ಹೆಸರು ಬರೆದಿತ್ತು. ಎರಡೂ ‘ಗ್ರ್ಯಾನ್ ಟುರಿಸ್ಮೊ’ ಎಂಬ ಕಾರಿನ ಪಂದ್ಯದ ಆಟ. ಕೊಲ್ಲಿ ದೇಶದಲ್ಲಿದ್ದ ಅವನ ಸೋದರಮಾವ ಪ್ಲೇಸ್ಟೇಷನ್ ಯಂತ್ರವನ್ನೂ ಆ ಕಪ್ಪು ಡಿಸ್ಕನ್ನೂ ತಂದುಕೊಟ್ಟಿದ್ದರಂತೆ. “ಮಳೆಗಾಲದಾಗ ಕೆಡತಾವ್ರೀ ಸರ್, ಅದಕ್ಕ ಬೆಳಗಾವಿಗೆ ಹೋಗಿ ಒಂದು ಕಾಪಿ ಹೊಡಿಸೇನ್ರಿ” ಎಂದ. ನಾನು ಮುಂದಿನ ಮಾತು ಕೇಳಲಿಲ್ಲ. ನಕಲು ಮಾಡುವುದು ಕಳ್ಳತನ ಎಂದು ಇಡೀ ತರಗತಿಯ ಎದುರು ಅರ್ಧ ಗಂಟೆ ಉಪದೇಶ ಮಾಡಿದೆ. ಹಸಿರು ಡಿಸ್ಕನ್ನು ಎಲ್ಲರೂ ನೋಡುವಂತೆ ಮುರಿದು ಎರಡು ತುಂಡು ಮಾಡಿದೆ. ಕಪ್ಪು ಡಿಸ್ಕನ್ನು ಹಳೆಯ ದಿನಪತ್ರಿಕೆಯಲ್ಲಿ ಸುತ್ತಿ ಶಿಕ್ಷಕರ ಕೋಣೆಯ ಮರದ ಕಪಾಟಿನಲ್ಲಿಟ್ಟು ಬೀಗ ಹಾಕಿದೆ. ಅದರ ಕತೆ ಕೊನೆಗೆ ಬರುತ್ತದೆ.

ಆ ಕಾಲದ ಸ್ಥಿತಿಯನ್ನು ನೆನೆದರೆ ನನ್ನ ಸಿಟ್ಟಿಗೂ ಕಾರಣವಿತ್ತು. ನಮ್ಮ ಮಕ್ಕಳು ಕಂಡ ಮೊದಲ ಆಟದ ಯಂತ್ರಗಳೇ ನಕಲಿನವು. ಜಪಾನಿನ ನಿಂಟೆಂಡೊ ಸಂಸ್ಥೆ 1983ರಲ್ಲಿ ‘ಫ್ಯಾಮಿಕಾಮ್’ ಎಂಬ ಯಂತ್ರವನ್ನು ಹೊರತಂದಿತು. 1990ರ ದಶಕದಲ್ಲಿ ನಮ್ಮ ದೇಶದ ಮನೆಗಳಿಗೆ ‘ಟೀವಿ ಗೇಮ್’ ಎಂಬ ಹೆಸರಿನಲ್ಲಿ ಬಂದವುಗಳಲ್ಲಿ ಬಹುಪಾಲು ಅದರ ಅನುಕರಣೆಗಳು. 1994ರ ಡಿಸೆಂಬರಿನಲ್ಲಿ ಸೋನಿ ಸಂಸ್ಥೆಯ ಪ್ಲೇಸ್ಟೇಷನ್ ಜಪಾನಿನಲ್ಲಿ ಮಾರಾಟಕ್ಕೆ ಬಂದಿತು. ಅದು ಸೀಡಿಯ ಮೇಲೆ ಆಟವನ್ನು ಕೊಟ್ಟಿತು. ಸೀಡಿ ಬರೆಯುವ ಯಂತ್ರ ಅಗ್ಗವಾದ ಮೇಲೆ ಊರೂರಿನ ಪೇಟೆಗಳಲ್ಲಿ ನಕಲು ಡಿಸ್ಕುಗಳು ತುಂಬಿಹೋದವು. ಖಡೇ ಬಜಾರಿನಲ್ಲಿ ಅಡ್ಡಾಡುವಾಗ ಅಂತಹ ಡಿಸ್ಕುಗಳನ್ನು ನಾನೂ ನೋಡಿದ್ದೆ. ಆದರೆ ಮೂಲ ಡಿಸ್ಕನ್ನು ಕೊಳ್ಳದೆ ನಕಲನ್ನು ಕೊಳ್ಳುವವನೂ, ತನ್ನ ಮೂಲವನ್ನು ಕಾಪಾಡಲು ಒಂದು ಪ್ರತಿ ಮಾಡಿಸುವವನೂ ಬೇರೆ ಬೇರೆ ಎಂಬ ವಿವೇಚನೆ ನನಗಿರಲಿಲ್ಲ.

ಪ್ರತಿ ಮಾಡಿಸಬೇಕೆಂದು ಹುಡುಗನಿಗೆ ಏಕೆ ಅನ್ನಿಸಿತು ಎಂಬುದನ್ನು ತಿಳಿಯಲು ಡಿಸ್ಕಿನ ರಚನೆಯನ್ನು ತಿಳಿಯಬೇಕು. ಸೀಡಿಯ ವ್ಯಾಸ 12 ಸೆಂಟಿಮೀಟರ್, ದಪ್ಪ 1.2 ಮಿಲಿಮೀಟರ್. ಅದರ ಹೆಚ್ಚಿನ ಭಾಗ ಪಾಲಿಕಾರ್ಬೊನೇಟ್ ಎಂಬ ಪಾರದರ್ಶಕ ಪ್ಲಾಸ್ಟಿಕ್. ಮಾಹಿತಿ ಇರುವುದು ತಳದಲ್ಲಿ ಎಂದು ನಾವು ಭಾವಿಸುತ್ತೇವೆ. ವಾಸ್ತವದಲ್ಲಿ ಅದು ಮೇಲ್ಭಾಗದಲ್ಲಿ, ಚಿತ್ರ ಮುದ್ರಿಸಿದ ಬದಿಯ ಕೆಳಗೆ, ತೆಳುವಾದ ಲೋಹದ ಪದರದಲ್ಲಿದೆ. ಅದಕ್ಕೆ ರಕ್ಷಣೆ ಒಂದು ಲೇಪ ಮಾತ್ರ. ತಳದ ಗೀರನ್ನು ಉಜ್ಜಿ ಸರಿಪಡಿಸಬಹುದು. ಮೇಲಿನ ಲೋಹ ಕಿತ್ತುಬಂದರೆ ಮಾಹಿತಿ ಶಾಶ್ವತವಾಗಿ ಹೋದಂತೆ. ಇನ್ನು ನಮ್ಮ ಮಲೆನಾಡಿನ ಸೆರಗು. ಕಣಕುಂಬಿ, ಜಾಂಬೋಟಿಗಳ ಕಡೆಯ ಮಳೆಯನ್ನು ಕಂಡವರಿಗೆ ನಾನು ವಿವರಿಸಬೇಕಿಲ್ಲ. ಜೂನಿನಿಂದ ಸೆಪ್ಟೆಂಬರಿನವರೆಗೆ ಚಪ್ಪಲಿಗೆ, ಪುಸ್ತಕಕ್ಕೆ, ಗೋಡೆಗೆ ಬೂಷ್ಟು ಹಿಡಿಯುತ್ತದೆ. ಮಧ್ಯ ಅಮೆರಿಕದ ಬೆಲೀಜ್ ದೇಶದ ತೇವದ ಹವೆಯಲ್ಲಿದ್ದ ಸೀಡಿಯೊಂದನ್ನು ಶಿಲೀಂಧ್ರ ಕೊರೆದುಹಾಕಿದ್ದನ್ನು ಸ್ಪೇನಿನ ವಿಜ್ಞಾನಿಗಳು 2001ರಲ್ಲಿ ವರದಿ ಮಾಡಿದ್ದರು. ಆ ಹುಡುಗ ವರದಿಯನ್ನು ಓದಿರಲಿಲ್ಲ, ತನ್ನ ಮನೆಯ ಗೋಡೆಯನ್ನು ನೋಡಿದ್ದ.

ಪ್ರತಿ ಮಾಡುವುದೂ ಸುಲಭದ ಕೆಲಸವಾಗಿರಲಿಲ್ಲ. ಪ್ಲೇಸ್ಟೇಷನ್ ಡಿಸ್ಕಿನ ಆರಂಭದ ಭಾಗದಲ್ಲಿ ಸುರುಳಿಯ ಗೆರೆ ನಿರ್ದಿಷ್ಟ ರೀತಿಯಲ್ಲಿ ಅತ್ತಿತ್ತ ಓಲಾಡುವಂತೆ ಕಾರ್ಖಾನೆಯಲ್ಲಿಯೇ ಅಚ್ಚು ಹಾಕುತ್ತಿದ್ದರು. ಆ ಓಲಾಟದಲ್ಲಿ ನಾಲ್ಕು ಅಕ್ಷರಗಳ ಗುಪ್ತ ಸಂಕೇತವಿರುತ್ತಿತ್ತು. ಜಪಾನಿಗೆ ಒಂದು, ಅಮೆರಿಕಕ್ಕೆ ಒಂದು, ಯುರೋಪಿಗೆ ಒಂದು. ಖಾಲಿ ಸೀಡಿಯಲ್ಲಿ ಗೆರೆ ಮೊದಲೇ ಕೊರೆದಿರುವುದರಿಂದ ಮನೆಯ ಬರೆಯುವ ಯಂತ್ರ ಈ ಓಲಾಟವನ್ನು ನಕಲಿಸಲಾರದು. ಆಟದ ದತ್ತಾಂಶವೆಲ್ಲ ಪ್ರತಿಯಲ್ಲಿದ್ದರೂ ಯಂತ್ರ ಅದನ್ನು ತಿರಸ್ಕರಿಸುತ್ತಿತ್ತು. ಆಗ ಅಂಗಡಿಯವರು ಯಂತ್ರವನ್ನು ಬಿಚ್ಚಿ ‘ಮಾಡ್ ಚಿಪ್’ ಎಂಬ ಚಿಕ್ಕ ಬಿಲ್ಲೆಯನ್ನು ಬೆಸುಗೆ ಹಾಕುತ್ತಿದ್ದರು. ಆ ಬಿಲ್ಲೆಯೇ ಸಂಕೇತವನ್ನು ಯಂತ್ರಕ್ಕೆ ಉಸುರುತ್ತಿತ್ತು. ಡಿಸ್ಕಿನ ಕಪ್ಪು ಬಣ್ಣವೇ ಬೀಗವೆಂದು ಬಹಳ ಜನ ನಂಬಿದ್ದರು. ಅದು ಬರಿಯ ಬಣ್ಣ. ಲೇಸರಿನ ಕಣ್ಣಿಗೆ ಕಾಣುವುದೇ ಇಲ್ಲ.

ಬೀಗ ಕಳ್ಳನನ್ನು ತಡೆಯಲು ಹಾಕಿದ್ದು ನಿಜ. ಆದರೆ ಅದು ಒಡೆಯನನ್ನೂ ತಡೆಯುತ್ತಿತ್ತು. ಇಲ್ಲೊಂದು ವಿಚಿತ್ರವಿದೆ. ಟೀವಿ ಕಾರ್ಯಕ್ರಮವನ್ನು ಮನೆಯಲ್ಲಿ ಮುದ್ರಿಸಿಕೊಂಡು ಆಮೇಲೆ ನೋಡುವುದು ತಪ್ಪಲ್ಲವೆಂದು ಅಮೆರಿಕದ ಸರ್ವೋಚ್ಚ ನ್ಯಾಯಾಲಯ 1984ರ ಜನವರಿಯಲ್ಲಿ ತೀರ್ಪು ಕೊಟ್ಟಿತು. ಐವರು ನ್ಯಾಯಮೂರ್ತಿಗಳು ಒಂದು ಕಡೆ, ನಾಲ್ವರು ಇನ್ನೊಂದು ಕಡೆ. ಸಿನಿಮಾ ಸಂಸ್ಥೆಗಳ ಎದುರು ನಿಂತು ಆ ಮೊಕದ್ದಮೆಯನ್ನು ಗೆದ್ದದ್ದು ‘ಬೀಟಾಮ್ಯಾಕ್ಸ್’ ತಯಾರಿಸಿದ ಇದೇ ಸೋನಿ. ಹತ್ತೇ ವರ್ಷಗಳ ನಂತರ ಅದು ತನ್ನ ಡಿಸ್ಕಿಗೆ ಬೀಗ ಹಾಕಿತು.

ನಮ್ಮ ದೇಶದ ಕಾನೂನು ಏನು ಹೇಳುತ್ತದೆ? ನಿವೃತ್ತಿಯ ನಂತರ ನನ್ನ ಹಳೆಯ ಕ್ಯಾಸೆಟ್ಟುಗಳನ್ನು ಕಂಪ್ಯೂಟರಿಗೆ ಇಳಿಸಿಕೊಳ್ಳುವಾಗ ಈ ಪ್ರಶ್ನೆ ಎದ್ದಿತು. ಆಗ 1957ರ ಕೃತಿಸ್ವಾಮ್ಯ ಕಾಯ್ದೆಯನ್ನು ಮೊದಲ ಬಾರಿಗೆ ಕುಳಿತು ಓದಿದೆ. 1984ರ ತಿದ್ದುಪಡಿ ಕಂಪ್ಯೂಟರ್ ಪ್ರೋಗ್ರಾಮನ್ನು ಸಾಹಿತ್ಯಕೃತಿಯ ಸಾಲಿಗೆ ಸೇರಿಸಿತು. 1994ರ ತಿದ್ದುಪಡಿ 1995ರ ಮೇ 10ರಂದು ಜಾರಿಗೆ ಬಂದಿತು. ಅದರ ಪ್ರಕಾರ, ಪ್ರೋಗ್ರಾಮಿನ ಪ್ರತಿಯನ್ನು ನ್ಯಾಯವಾಗಿ ಹೊಂದಿರುವವನು ನಷ್ಟ, ನಾಶ, ಹಾನಿಗಳಿಂದ ತಾತ್ಕಾಲಿಕ ರಕ್ಷಣೆಗಾಗಿ ಬ್ಯಾಕಪ್ ಪ್ರತಿ ಮಾಡಿಕೊಂಡರೆ ಅದು ಉಲ್ಲಂಘನೆಯಲ್ಲ. ಇದು 52ನೆಯ ಕಲಮು. 1999ರ ತಿದ್ದುಪಡಿ ಇನ್ನೊಂದನ್ನು ಕೂಡಿಸಿತು: ನ್ಯಾಯವಾಗಿ ಪಡೆದ ಪ್ರತಿಯಿಂದ ವಾಣಿಜ್ಯವಲ್ಲದ ಸ್ವಂತ ಬಳಕೆಗೆ ಪ್ರತಿ ಮಾಡಿಕೊಳ್ಳಬಹುದು. ಕದ್ದ ಪ್ರತಿಯೆಂದು ತಿಳಿದೂ ಪ್ರೋಗ್ರಾಮನ್ನು ಬಳಸುವವನಿಗೆ ಇದೇ ಕಾಯ್ದೆ ಸೆರೆವಾಸವನ್ನೂ ವಿಧಿಸುತ್ತದೆ. ಬೀಗ ಮುರಿಯುವ ವಿಷಯ ಕಾಯ್ದೆಗೆ ಬಂದದ್ದು 2012ರಲ್ಲಿ. ಅಲ್ಲಿಯೂ ಹಕ್ಕನ್ನು ಉಲ್ಲಂಘಿಸುವ ಉದ್ದೇಶದಿಂದ ಮುರಿದರೆ ಶಿಕ್ಷೆ. ಕಾಯ್ದೆ ನಿಷೇಧಿಸದ ಉದ್ದೇಶಕ್ಕೆ ಅಡ್ಡಿಯಿಲ್ಲ. ಆಟವೆಂದರೆ ಪ್ರೋಗ್ರಾಮು ಮಾತ್ರವಲ್ಲ, ಅದರಲ್ಲಿ ಸಂಗೀತ, ಚಿತ್ರಗಳೂ ಇವೆಯಲ್ಲ ಎಂದು ವಕೀಲರು ವಾದಿಸಬಹುದು. ಆದರೂ ಕಾಯ್ದೆಯ ಮನಸ್ಸು ಸ್ಪಷ್ಟವಾಗಿದೆ. ನಾನು ಡಿಸ್ಕನ್ನು ಮುರಿದ ದಿನಕ್ಕೆ ಆ ಕಲಮು ಜಾರಿಗೆ ಬಂದು ಎಂಟು ವರ್ಷಗಳಾಗಿದ್ದವು.

ಕಾಯ್ದೆ ಗೊತ್ತಿಲ್ಲದಿದ್ದರೆ ಹೋಗಲಿ, ಇತಿಹಾಸದ ಶಿಕ್ಷಕನಾದ ನನಗೆ ಇತಿಹಾಸವಾದರೂ ನೆನಪಾಗಬೇಕಿತ್ತು. ಹತ್ತನೆಯ ಶತಮಾನದಲ್ಲಿ ದಾನಚಿಂತಾಮಣಿ ಅತ್ತಿಮಬ್ಬೆ ಪೊನ್ನನ ‘ಶಾಂತಿಪುರಾಣ’ಕ್ಕೆ ಸಾವಿರ ಪ್ರತಿಗಳನ್ನು ಮಾಡಿಸಿ ಹಂಚಿದಳೆಂದು ಪ್ರತಿವರ್ಷವೂ ಪಾಠ ಮಾಡುತ್ತಿದ್ದೆ. ಓಲೆಗರಿ ಹುಳ ಹಿಡಿಯುತ್ತದೆ, ಮುರಿಯುತ್ತದೆ. ಪ್ರತಿ ಮಾಡುವವರು ಇಲ್ಲದ ಕೃತಿಗಳು ಹೆಸರು ಮಾತ್ರ ಉಳಿಸಿ ಹೋಗಿವೆ. ನಿಮ್ಮಲ್ಲಿ ಅನೇಕರನ್ನು ಖಾನಾಪುರ ತಾಲೂಕಿನ ಹಲಸಿಗೆ ಪ್ರವಾಸ ಕರೆದೊಯ್ದಿದ್ದೇನೆ. ಕದಂಬರ ಪಲಾಶಿಕಾ ಅದು. ಅಲ್ಲಿ ದೊರೆತ ತಾಮ್ರಪಟಗಳನ್ನು ಜೆ. ಎಫ್. ಫ್ಲೀಟ್ ಎಂಬ ಇಂಗ್ಲಿಷ್ ಅಧಿಕಾರಿ ಹತ್ತೊಂಬತ್ತನೆಯ ಶತಮಾನದಲ್ಲಿ ಓದಿ ಅಚ್ಚು ಹಾಕಿಸಿದರು. ಮೂಲದ ಜೊತೆಗೆ ಪ್ರತಿ ಇದ್ದುದರಿಂದಲೇ ನಾವು ಊರಲ್ಲಿ ಕುಳಿತು ಅವನ್ನು ಪಾಠ ಮಾಡಲು ಸಾಧ್ಯವಾಯಿತು. ಇಷ್ಟೇಕೆ, ಆಕಾಶವಾಣಿ ಧಾರವಾಡದಿಂದ ಬರುತ್ತಿದ್ದ ಸಂಗೀತವನ್ನು ನಾನೇ ಖಾಲಿ ಕ್ಯಾಸೆಟ್ಟುಗಳಿಗೆ ತುಂಬಿಸಿಕೊಳ್ಳುತ್ತಿದ್ದೆ. ಅದನ್ನು ಸಂಗ್ರಹವೆಂದು ಕರೆಯುತ್ತಿದ್ದೆ. ಹುಡುಗ ಮಾಡಿದ್ದು ಮಾತ್ರ ಕಳ್ಳತನವಾಯಿತು.

ಈಗ ಕಪ್ಪು ಡಿಸ್ಕಿನ ಕತೆ. ಮಾರ್ಚ್ ತಿಂಗಳಲ್ಲಿ ಪರೀಕ್ಷೆ ಮುಗಿದ ಮೇಲೆ ಹುಡುಗನನ್ನು ಕರೆದು ಪೊಟ್ಟಣವನ್ನು ಕೊಟ್ಟೆ. ಅವನು ನನ್ನ ಎದುರಿಗೇ ಬಿಚ್ಚಿದ. ಒಂದು ಮಳೆಗಾಲದ ತೇವ ಕುಡಿದ ದಿನಪತ್ರಿಕೆ ಡಿಸ್ಕಿನ ಮೇಲ್ಭಾಗಕ್ಕೆ ಅಂಟಿಕೊಂಡಿತ್ತು. ಕಾಗದವನ್ನು ಎಳೆದಾಗ ಅದರೊಡನೆ ಹೆಬ್ಬೆರಳಗಲದ ಬೆಳ್ಳಿಯ ಪದರವೂ ಕಿತ್ತುಬಂದಿತು. ಆ ಕಿಂಡಿಯಲ್ಲಿ ಕಿಟಕಿಯ ಬೆಳಕು ಕಾಣುತ್ತಿತ್ತು. ಅವನು ಅದನ್ನು ಒಮ್ಮೆ ನೋಡಿದ, ಮತ್ತೆ ಕಾಗದದಲ್ಲಿ ಸುತ್ತಿದ, “ಬರ್ತೀನ್ರಿ ಸರ್” ಎಂದು ಹೋದ. ನಾನು ಏನೂ ಹೇಳಲಿಲ್ಲ. ಯಾವ ಹಾನಿಗೆ ಹೆದರಿ ಅವನು ಪ್ರತಿ ಮಾಡಿಸಿದ್ದನೋ ಅದೇ ಹಾನಿ ನನ್ನ ಕಪಾಟಿನಲ್ಲಿ ಆಗಿತ್ತು. ಆ ಹಾನಿಗೆ ಮದ್ದಾಗಿದ್ದ ಪ್ರತಿಯನ್ನು ನಾನೇ ಮುರಿದಿದ್ದೆ.

ಪ್ಲೇಸ್ಟೇಷನ್ನಿನ ಆ ಮೊದಲ ಯಂತ್ರದ ತಯಾರಿಕೆ 2006ರಲ್ಲಿಯೇ ನಿಂತಿತು. ಆ ಹುಡುಗನಿಗೆ ಈಗ ಮೂವತ್ತೈದು ದಾಟಿರಬೇಕು. ಅವನ ಹೆಸರನ್ನು ಇಲ್ಲಿ ಬರೆಯುವುದಿಲ್ಲ. ಒಮ್ಮೆ ಎಲ್ಲರೆದುರು ಅವನನ್ನು ನಿಲ್ಲಿಸಿದ್ದು ಸಾಕು. ಅಂದು ಆ ತರಗತಿಯಲ್ಲಿ ಕುಳಿತಿದ್ದ ನೀವು ಹಲವರು ಇದನ್ನು ಓದುತ್ತಿದ್ದೀರಿ. ನಾನು ಅವನನ್ನು ಕಳ್ಳನೆಂದು ಕರೆದದ್ದು ನಿಮ್ಮ ಎದುರಿಗೆ. ಆದುದರಿಂದ ಅದು ತಪ್ಪಾಗಿತ್ತು ಎಂದು ಹೇಳಬೇಕಾದದ್ದೂ ನಿಮ್ಮ ಎದುರಿಗೇ. ಅವನು ಕಳ್ಳನಾಗಿರಲಿಲ್ಲ. ತನ್ನ ವಸ್ತುವನ್ನು ಜೋಪಾನ ಮಾಡುವ ಬುದ್ಧಿ ಅವನಿಗಿತ್ತು.

ನಿಮ್ಮಲ್ಲಿ ಯಾರಿಗಾದರೂ ಅವನ ಭೇಟಿಯಾದರೆ ಈ ಮಾತನ್ನು ಮುಟ್ಟಿಸಿರಿ. ಖಾನಾಪುರಕ್ಕೆ ಬಂದಾಗ ಮನೆಗೆ ಬರಲು ಹೇಳಿರಿ.

ಎಲ್ಲರಿಗೂ ಶುಭವಾಗಲಿ.